ಸಾಕ್ಷ್ಯಚಿತ್ರದ ಊಟ

ಹಸಿದವರಿಗೆ ಅನ್ನ ಕೊಡುವ ಪರಮಾತ್ಮನ ಪಾದಕ್ಕೆ ನಮಸ್ಕರಿಸಿ, ಹಿಮದ ನಾಡಿನ ಒಂದು ಸಂಗತಿ ಹೇಳುತ್ತೇನೆ.

ಹೊಲ, ಹಸು, ಸಿನಿಮಾ ಎಲ್ಲವೂ ಸರ್ಕಾರದ್ದೇ ಆಗಿದ್ದ ಕಾಲ. ಸಾಮೂಹಿಕ ಬೇಸಾಯದ ಒಂದು ಹಳ್ಳಿಗೆ ಸಾಕ್ಷ್ಯಚಿತ್ರ ತೆಗೆಯಲು ಕಾಮ್ರೇಡ್ ಬರಿಶೆವ್ ಬಂದ. ಹಾಲು ಕರೆಯುವ ಅಗಾಫ್ಯಾ ಅಜ್ಜಿಯ ಮೇಜಿನ ಮೇಲೆ ಪೇಟೆಯಿಂದ ತಂದ ರೊಟ್ಟಿ, ಬೆಣ್ಣೆ, ಹುರಿದ ಬಾತುಕೋಳಿಗಳನ್ನು ಜೋಡಿಸಿದ. ವಾರದಿಂದ ಗಂಜಿನೀರು ಕುಡಿದಿದ್ದ ಊರು ಕಿಟಕಿಗೆ ಮೂಗು ಒತ್ತಿ ನಿಂತಿತು.

“ಅಜ್ಜೀ, ಮುಟ್ಟಬೇಡ! ನಗುತ್ತಾ ಕೂತಿರು, ಸಾಕು. ನಾಳೆ ಇದೇ ಊಟ ಪಕ್ಕದ ಹಳ್ಳಿಯ ಚಿತ್ರಕ್ಕೆ ಬೇಕು.”

ಅಜ್ಜಿ ಮನಸ್ಸಿನಲ್ಲೇ ದೇವರನ್ನು ನೆನೆದಳು. “ಆಗಲಿ ಕಾಮ್ರೇಡ್ ಸಾಹೇಬ್ರೇ. ಚಿತ್ರದ ಹೆಸರೇನು?”

“‘ನಮ್ಮ ರೈತರ ದಿನನಿತ್ಯದ ಊಟ’. ಎಲ್ಲವೂ ಸತ್ಯ ಅಂತ ನಾನೇ ರುಜು ಹಾಕಿದ್ದೇನೆ!”

“ರುಜುನೇ ಹಾಕಿದೀರಾ? ಹಾಗಾದ್ರೆ ಸರಿ,” ಎನ್ನುತ್ತ ಅಜ್ಜಿ ಬಾಗಿಲು ತೆರೆದಳು. “ಬನ್ರಪ್ಪಾ, ಬನ್ರಮ್ಮಾ, ದಿನಾ ತಿನ್ನೋ ಹಾಗೇ ತಿನ್ನಿ!”

ಊರೇ ಒಳಗೆ ನುಗ್ಗಿತು. “ಅಯ್ಯೋ, ಅದು ನಿಮ್ಮದಲ್ಲ!” ಎಂದು ಬರಿಶೆವ್ ಕೂಗಿಕೊಂಡ.

“ಈ ಮಾತನ್ನೂ ಚಿತ್ರದಲ್ಲಿ ಹಾಕ್ತೀರಾ?” ಅಜ್ಜಿ ಮೆಲ್ಲಗೆ ಕೇಳಿದಳು. “ಮೇಲಿನವರು ವಿಚಾರಿಸಿದ್ರೆ ನಂಗೆ ಸುಳ್ಳು ಹೇಳೋಕೆ ಬರಲ್ಲಪ್ಪ.”

ಬರಿಶೆವನ ಮುಖ ಬಿಳಿಚಿಕೊಂಡಿತು. “ತಿನ್ನಿ... ಆದರೆ ನಗುತ್ತಾ ತಿನ್ನಿ,” ಎಂದ. ಅದನ್ನು ಯಾರಿಗೂ ಹೇಳಿಕೊಡಬೇಕಾಗಿರಲಿಲ್ಲ.

ಮೇಜಿನ ಮೇಲೆ ಮೂಳೆಗಳಷ್ಟೇ ಉಳಿದವು. ಖಾಲಿ ಪೆಟ್ಟಿಗೆಗಳನ್ನು ಕಟ್ಟುತ್ತಿದ್ದ ಬರಿಶೆವನ ಬಳಿ ಅಜ್ಜಿ ಕೈಮುಗಿದು ನಿಂತಳು.

“ಸಾಹೇಬ್ರೇ, ನಮ್ಮ ನಾಳಿನ ದಿನನಿತ್ಯದ ಊಟ ಎಷ್ಟು ಗಂಟೆಗೆ ಬರುತ್ತೆ?”

ಇದನ್ನು ಕೇಳಿದವರೆಲ್ಲರ ಮನೆಯ ಒಲೆ ಆರದಿರಲಿ, ತುತ್ತು ತಪ್ಪದಿರಲಿ.