ಶುಭ ಎನ್ನುವ ಗಿರಣಿ

"ಗುರುಗಳೇ, ನನ್ನ ಹಾಸಿಗೆ ಕಾರ್ಖಾನೆಗೆ ಬೆಂಕಿ ಬೀಳದ ಹಾಗೆ ಇನ್ನೇನು ಮಾಡಬೇಕು?" ಎಂದು ಶಿಷ್ಯ ಕೇಳಿದ.

"ಇಲ್ಲಿಯವರೆಗೆ ಏನೇನು ಮಾಡಿದ್ದೀಯ?" ಎಂದರು ಗುರುಗಳು.

"ಮೂಲೆಮೂಲೆಗೆ ಮರಳಿನ ಬಕೆಟ್ ಇಟ್ಟಿದ್ದೇನೆ. ಗೋಡೆಗೆ ಕೆಂಪು ಸಿಲಿಂಡರ್ ತೂಗುಹಾಕಿದ್ದೇನೆ. ಹಳೆಯ ವೈರುಗಳನ್ನೆಲ್ಲ ಕಿತ್ತು ಹೊಸದು ಹಾಕಿಸಿದ್ದೇನೆ. ಬೀಡಿ ಸೇದುವವರು ಗೇಟಿನ ಆಚೆಗೆ ಹೋಗಬೇಕು. ಬಾಗಿಲಿಗೆ ನಿಂಬೆಹಣ್ಣು, ಮೆಣಸಿನಕಾಯಿಯನ್ನೂ ಕಟ್ಟಿಸಿದ್ದೇನೆ. ಆದರೂ ಮನಸ್ಸಿಗೆ ನೆಮ್ಮದಿ ಇಲ್ಲ."

ಗುರುಗಳು ನಕ್ಕರು. "ನಿಂಬೆಹಣ್ಣನ್ನೂ ಬಿಡಲಿಲ್ಲವಲ್ಲಪ್ಪ! ಇರಲಿ, ಕೂತುಕೋ. ಒಂದು ಕತೆ ಹೇಳುತ್ತೇನೆ. ನಡುವೆ ಬಾಯಿ ಹಾಕಬೇಡ."

ಒಬ್ಬ ಸಾಹುಕಾರನಿದ್ದ. ಅವನದೊಂದು ಹತ್ತಿ ಗಿರಣಿ. ರೈತರು ತಂದ ಹತ್ತಿಯಿಂದ ಕಾಳು ಬಿಡಿಸಿ, ಉಳಿದ ಅರಳೆಯನ್ನು ಯಂತ್ರದಲ್ಲಿ ಒತ್ತಿ, ಕಬ್ಬಿಣದ ಪಟ್ಟಿ ಬಿಗಿದು ಬೇಲು ಕಟ್ಟುವ ಗಿರಣಿ. ನಲವತ್ತು ಜನ ಅಲ್ಲಿ ದುಡಿಯುತ್ತಿದ್ದರು. ಸಾಹುಕಾರ ಕೆಟ್ಟವನಲ್ಲ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ಕೆಲಸಗಾರರ ಮನೆಯ ಮದುವೆಗೆ ತಪ್ಪದೆ ಹೋಗಿ ಪಂಕ್ತಿಯಲ್ಲಿ ಕೂತು ಉಂಡು ಬರುವನು. ಕಾಯಿಲೆ ಬಿದ್ದವರನ್ನು ತನ್ನ ಗಾಡಿಯಲ್ಲೇ ದವಾಖಾನೆಗೆ ಕಳಿಸುವನು. ಆದರೆ ಬೆಂಕಿ ಎಂದರೆ ಅವನ ಜೀವ ಹಾರಿಹೋಗುತ್ತಿತ್ತು. ಚಿಕ್ಕವನಿದ್ದಾಗ ಅಪ್ಪನ ಗೋದಾಮು ಅವನ ಕಣ್ಣೆದುರೇ ಸುಟ್ಟು ಬೂದಿಯಾಗಿತ್ತು. ಪಾಪ, ಹೆದರುವುದಕ್ಕೆ ಕಾರಣವಿತ್ತು.

ಹೆದರಿದವನು ಏನು ಮಾಡಿದ? ಬಾವಿ ತೋಡಿಸಿದ, ಪಂಪು ಕೂಡಿಸಿದ, ಗೋದಾಮಿನವರೆಗೆ ಪೈಪು ಎಳೆಸಿದ. ಅಲ್ಲಿಗೆ ನಿಲ್ಲಿಸಿದ್ದರೆ ಚೆನ್ನಾಗಿತ್ತು. ಗಿರಣಿಯ ಒಳಗೆ ಬೆಂಕಿ ಎಂಬ ಮಾತನ್ನೇ ಯಾರೂ ಆಡಕೂಡದು ಎಂದು ಒಂದು ಕಟ್ಟಳೆಯನ್ನೂ ಮಾಡಿದ. ನಾವು ಅಂಥ ಜನವೇ ಬಿಡು. ಹೊರಡುವಾಗ 'ಹೋಗುತ್ತೇನೆ' ಎನ್ನುವುದಿಲ್ಲ, 'ಹೋಗಿ ಬರುತ್ತೇನೆ' ಎನ್ನುತ್ತೇವೆ. ದೀಪ ಆರಿಸು ಎನ್ನದೆ 'ದೊಡ್ಡದು ಮಾಡು' ಎನ್ನುತ್ತೇವೆ. ಕತ್ತಲಾದ ಮೇಲೆ ಹಾವನ್ನು ಹುಳ ಎನ್ನುತ್ತೇವೆ. ಮನೆಯಲ್ಲಿ ಅದು ಚೆಂದ. ಹುಳ ಎಂದರೂ ಕೋಲು ತರುವವರು ತಂದೇ ತರುತ್ತಾರೆ. ಆದರೆ ಗಿರಣಿಯಲ್ಲಿ ಆ ಒಂದು ಮಾತಿಗೆ ಬದಲಾಗಿ ಇನ್ನೊಂದು ಮಾತನ್ನು ಯಾರೂ ಕೊಟ್ಟಿರಲಿಲ್ಲ.

ಸಾಹುಕಾರನಿಗೆ ಒಂದು ರೂಢಿಯೂ ಇತ್ತು. ಯಾರು ಎದುರಿಗೆ ಬಂದರೂ ಮೊದಲು "ಶುಭಾನಾ?" ಎಂದು ಕೇಳುವನು. ಬಂದವರು "ಶುಭ ರೀ" ಎನ್ನಬೇಕು. ಆಮೇಲೆ ಮುಂದಿನ ಮಾತು.

ಆ ಗಿರಣಿಗೆ ಒಂದು ಸಲ ಹೊಸ ಯಂತ್ರ ಬಂತು. ಪೂಜೆಗೆ ಊರ ದೊಡ್ಡವರೆಲ್ಲ ಬಂದಿದ್ದರು. ಕಾಯಿ ಒಡೆದು ಯಂತ್ರ ಚಾಲೂ ಮಾಡಿ ಇನ್ನೂ ಐದು ನಿಮಿಷ ಆಗಿರಲಿಲ್ಲ. ಹತ್ತಿಯಲ್ಲಿನ ಕಲ್ಲು, ಮೊಳೆ ಆರಿಸುತ್ತಿದ್ದ ಫಕೀರವ್ವ ಎಂಬ ಮುದುಕಿ ಎದ್ದು ನಿಂತು, "ಬೆಂಕಿ! ಯಂತ್ರ ನಿಲ್ಲಸ್ರೀ!" ಎಂದು ಕೂಗಿಬಿಟ್ಟಳು. ನಿಲ್ಲಿಸಿದರು. ಹುಡುಕಿದರು. ಏನೂ ಸಿಗಲಿಲ್ಲ. ಬಂದವರು ಮುಖಮುಖ ನೋಡಿಕೊಂಡರು. ಸಾಹುಕಾರನಿಗೆ ನೆಲ ಬಿರಿದು ನುಂಗಬಾರದೇ ಎನಿಸಿತು. "ಶುಭ ನುಡಿಯೋ ಸೋಮ ಅಂದರ, ಗೂಬಿ ಕಾಣತೈತಲ್ಲೋ ಮಾಮ ಅಂದಂಗಾತು!" ಎಂದು ಅವನು ಎಲ್ಲರೆದುರು ಅಂದ. ಎಲ್ಲರೂ ನಕ್ಕರು. ಮರುದಿನ ಫಕೀರವ್ವನಿಗೆ ಗೇಟು ತೆಗೆಯಲಿಲ್ಲ. ಮೂವತ್ತು ವರ್ಷ ಆ ಗಿರಣಿಯಲ್ಲಿ ಹತ್ತಿ ಆರಿಸಿದವಳು ಅವಳು. ಅವಳ ಜಾಗಕ್ಕೆ ಬಂದವಳು ಮೌನಗೌರಿ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ಉಳಿದವರೂ ಪಾಠ ಕಲಿತರು.

ಈಗ ದ್ಯಾಮಣ್ಣನ ಸುದ್ದಿಗೆ ಬರುತ್ತೇನೆ. ಅವನು ಬೇಲು ಒತ್ತುವ ಯಂತ್ರದ ಮುಂದೆ ನಿಲ್ಲುವ ಆಳು. ಕೆಲಸದಲ್ಲಿ ಅವನನ್ನು ಮೀರಿಸುವವರು ಇರಲಿಲ್ಲ. ಅವನ ತಂಗಿ ಈರವ್ವ ಅದೇ ಗಿರಣಿಯ ಗೋದಾಮಿನಲ್ಲಿ ಕೂತು, ಬೇಲಿನ ಮೇಲೆ ಹರಿದ ಗೋಣಿಬಟ್ಟೆಯನ್ನು ಹೊಲಿಯುತ್ತಿದ್ದಳು. ಗಂಡ ಸತ್ತ ಮೇಲೆ ಅವಳಿಗೆ ಆ ಸೂಜಿಯೇ ಆಸರೆ. ಆ ಕೆಲಸ ಕೊಡಿಸಿದವನು ದ್ಯಾಮಣ್ಣನೇ.

ಒಂದು ಸೋಮವಾರ, ಊಟದ ಹೊತ್ತಿಗೆ ಸ್ವಲ್ಪ ಮುಂಚೆ, ಕಾಳು ಬಿಡಿಸುವ ಒಳಗಿನ ಯಂತ್ರದಲ್ಲಿ ಟಣ್ ಎಂದು ಸಪ್ಪಳವಾಯಿತು. ಯಾವುದೋ ಕಲ್ಲು ಕಬ್ಬಿಣಕ್ಕೆ ಬಡಿದಿತ್ತು. ಮರುಕ್ಷಣ ಅರಳೆಯ ಜೊತೆಗೆ ಒಂದು ಕೆಂಪು ಕಿಡಿ, ಸಾಸಿವೆಕಾಳಿನಷ್ಟು, ಒತ್ತುವ ಪೆಟ್ಟಿಗೆಗೆ ಬಿದ್ದದ್ದನ್ನು ದ್ಯಾಮಣ್ಣ ಕಂಡ. ಕಂಡನೋ ಇಲ್ಲವೋ ಎನ್ನುವುದರೊಳಗೆ ಅದರ ಮೇಲೆ ಮತ್ತಷ್ಟು ಅರಳೆ ಬಿತ್ತು. ಒತ್ತುಗಲ್ಲಿನಂತೆ ಯಂತ್ರ ಕೆಳಗಿಳಿಯಿತು. ಪಟ್ಟಿ ಬಿಗಿದರು, ಬೇಲು ಉರುಳಿಸಿದರು, ಗೋದಾಮಿಗೆ ಒಯ್ದರು.

ದ್ಯಾಮಣ್ಣನ ಬಾಯಿ ತೆರೆದೇ ಇತ್ತು. ಸ್ವರ ಮಾತ್ರ ಬರಲಿಲ್ಲ. ಛಾವಣಿಯ ತಗಡಿನಲ್ಲಿ ತೂತುಗಳಿದ್ದವು, ಅವುಗಳಿಂದ ಬಿಸಿಲಿನ ಚುಕ್ಕೆಗಳು ಬೀಳುತ್ತಿದ್ದವು. ತಾನು ಕಂಡದ್ದು ಬಿಸಿಲೇ ಇರಬೇಕು ಎಂದುಕೊಂಡ. ಬಿಸಿಲು ಕೆಂಪಗಿರುತ್ತದೆಯೇ, ಎಂದು ಮನಸ್ಸೇ ತಿರುಗಿ ಕೇಳಿತು. ಹತ್ತಿಯ ಹೊಟ್ಟೆ ಸೇರಿದ ಕಿಡಿಯ ಗುಣ ಅವನಿಗೆ ಗೊತ್ತಿತ್ತು. ಅದು ಉರಿಯುವುದಿಲ್ಲ, ಆರುವುದೂ ಇಲ್ಲ. ಒಳಗೊಳಗೇ ತಿನ್ನುತ್ತ ಕೂರುತ್ತದೆ. ಎರಡು ದಿನಕ್ಕೂ ಎದ್ದೀತು, ಹತ್ತು ದಿನಕ್ಕೂ ಎದ್ದೀತು. ಗಾಳಿ ತಾಕಬೇಕಷ್ಟೆ.

ಆ ದಿನ ಊಟ ಸೇರಲಿಲ್ಲ. ಮಂಗಳವಾರ ಬೆಳಿಗ್ಗೆ ಎಲ್ಲರಿಗಿಂತ ಮೊದಲೇ ಗೋದಾಮಿಗೆ ಹೋದ. ಸೋಮವಾರದ ಬೇಲುಗಳನ್ನು ಹಳೆಯವುಗಳ ಜೊತೆಗೇ ಒಟ್ಟಿದ್ದರು, ಕಿಡಿ ಬಿದ್ದದ್ದು ಯಾವುದೆಂದು ಗುರುತು ಸಿಗಲಿಲ್ಲ. ಒಂದೊಂದರ ಮೇಲೂ ಅಂಗೈ ಇಟ್ಟು ನೋಡಿದ. ಒಂದು ಬೆಚ್ಚಗಿದೆ ಎನಿಸಿತು. ಇನ್ನೊಮ್ಮೆ ಮುಟ್ಟಿದರೆ ತಣ್ಣಗಿತ್ತು. ಮೂಗು ಹಚ್ಚಿ ಮೂಸಿದ. ಗೋಣಿಯ ವಾಸನೆ. ಹಮಾಲರು ಬಂದು, "ಏನೋ ದ್ಯಾಮಣ್ಣ, ಬೇಲಿಗೆ ಮುತ್ತು ಕೊಡಾಕತ್ತೀಯೇನು?" ಎಂದು ನಕ್ಕರು. ಅವನೂ ನಕ್ಕ. ಯಂತ್ರದ ಮುಂದೆ ನಿಂತರೂ ಕಣ್ಣು ಗೋದಾಮಿನ ಬಾಗಿಲ ಮೇಲೆಯೇ.

ಮಧ್ಯಾಹ್ನ ತಂಗಿಯ ಹತ್ತಿರ ಹೋದ. "ಒಳಗ ಬಹಳ ಸೆಕಿ ಐತಿ. ಹೊರಗ ಬೇವಿನ ಗಿಡದ ನೆರಳಿಗೆ ಕೂತು ಹೊಲಿ" ಎಂದ. ಈರವ್ವ ಅವನ ಮುಖವನ್ನು ಒಂದು ಗಳಿಗೆ ನೋಡಿದಳು. "ಬೇಲು ಒಳಗ ಅದಾವು. ನಾ ಹೊರಗ ಕೂತು ಏನು ಹೊಲೀಲಿ ಅಣ್ಣಾ?" ಎಂದಳು. ಆ ಮಾತಿಗೆ ಅವನಲ್ಲಿ ಇದ್ದ ಉತ್ತರವನ್ನು ಆಡುವ ಹಾಗಿರಲಿಲ್ಲ.

ಬುಧವಾರ ಧೈರ್ಯ ಮಾಡಿ ಸಾಹುಕಾರನ ಕೋಣೆಯ ಬಾಗಿಲಿಗೆ ಹೋದ. ಏನು ಹೇಳಬೇಕು ಎಂದು ದಾರಿಯುದ್ದಕ್ಕೂ ಜೋಡಿಸಿಕೊಂಡಿದ್ದ. ಸಾಹುಕಾರ ತಲೆಯೆತ್ತಿ, "ಬಾ ದ್ಯಾಮಣ್ಣ, ಶುಭಾನಾ?" ಎಂದ. "ಶುಭ ರೀ" ಎಂದ ದ್ಯಾಮಣ್ಣ. ಜೋಡಿಸಿಕೊಂಡದ್ದೆಲ್ಲ ಅಲ್ಲಿಗೇ ಕುಸಿಯಿತು. ಪಟ್ಟಿ ಮುಗಿಯುತ್ತ ಬಂದಿದೆ ಎಂದು ಏನೋ ಒಂದು ಸುಳ್ಳು ಹೇಳಿ ತಿರುಗಿ ಬಂದ.

ನೋಡು, ಹೇಡಿ ಎಂದು ಅವನನ್ನು ಬೈಯಬೇಡ. ಹುಚ್ಚು ಹೋರಿಯ ಮೂಗುದಾಣ ಹಿಡಿದು ನಿಲ್ಲಿಸಿದ ಗಟ್ಟಿಗ ಅವನು. ಎಲ್ಲರೆದುರು ನಗೆಪಾಟಲಾಗುವುದಕ್ಕೆ ಮಾತ್ರ ಹೆದರಿದ. ಹೇಳಿದ ಮೇಲೆ ಏನೂ ಸಿಗದಿದ್ದರೆ ತನ್ನ ಕೆಲಸವೂ ಹೋಯಿತು, ತಂಗಿಯ ಕೆಲಸವೂ ಹೋಯಿತು. ಹೇಳದಿದ್ದರೆ ತಂಗಿಯೇ ಹೋದಾಳು. ಅತ್ತ ದರಿ, ಇತ್ತ ಪುಲಿ. ನಿಂತಲ್ಲಿ ನಿಲ್ಲಲಾರ, ಕೂತಲ್ಲಿ ಕೂರಲಾರ. ಎರಡು ಸಲ ಪಟ್ಟಿ ತಪ್ಪಿ ಬಿಗಿದ.

ಗುರುವಾರ ಊಟದ ಬಿಡುವಿನಲ್ಲಿ ಸಂತೆ ಬೀದಿಗೆ ಓಡಿದ. ಫಕೀರವ್ವ ಅಲ್ಲಿ ಸೊಪ್ಪು ಮಾರುತ್ತಿದ್ದಳು. ಅವಳಿಗೆ ಎಲ್ಲವನ್ನೂ ಹೇಳಿದ. ಮೂರು ದಿನದ ಮೇಲೆ ಅವನ ಬಾಯಿಂದ ಆ ಮಾತು ಬಂದದ್ದು ಅದೇ ಮೊದಲು.

ಮುದುಕಿ ಸೊಪ್ಪಿನ ಮೇಲೆ ನೀರು ಚಿಮುಕಿಸುವುದನ್ನು ನಿಲ್ಲಿಸಿದಳು. "ಅಯ್ಯೋ ಶಿವನೇ, ಸೋಮವಾರದ್ದಾ? ಅವತ್ತಿನ ಬೇಲು ಅಷ್ಟೂ ಬಯಲಿಗೆ ಉರುಳಸ್ರಿ. ಒಂದರಿಂದ ಒಂದು ದೂರ ಇರಲಿ. ಪಟ್ಟಿ ಬಿಚ್ಚಬ್ಯಾಡ್ರಿ, ಬಟ್ಟಿ ಹರೀಬ್ಯಾಡ್ರಿ. ನೀರು ಕೈಯಾಗ ಹಿಡಕೊಂಡು ಕಾಯ್ರಿ. ಯಾವುದರಾಗ ಐತೋ ಅದಾ ತೋರಸತೈತಿ" ಎಂದಳು.

"ಸಾಹುಕಾರಗ ಯಾರು ಹೇಳಬೇಕಬೇ ಆಯಿ?" ಎಂದ ದ್ಯಾಮಣ್ಣ.

"ನೋಡಿದವರು ಹೇಳಬೇಕು. ನಾ ನೋಡಿದ್ದೆ, ಹೇಳಿದೆ" ಎಂದಳು ಅವಳು.

ದ್ಯಾಮಣ್ಣ ಓಡುತ್ತಲೇ ಗಿರಣಿಗೆ ಬಂದ. ಲಾರಿ ಬಂದು ನಿಂತಿತ್ತು. ಹಮಾಲರು ಗೋದಾಮಿನಿಂದ ಬೇಲು ಎಳೆಯಲು ಶುರು ಮಾಡಿದ್ದರು. ನೇರವಾಗಿ ಸಾಹುಕಾರನ ಕೋಣೆಗೆ ನುಗ್ಗಿದ. ಒಳಗೆ ಪರಸ್ಥಳದ ಇಬ್ಬರು ವ್ಯಾಪಾರಿಗಳು ಕೂತಿದ್ದರು. ಮೂವರೂ ಅವನತ್ತ ತಿರುಗಿದರು. "ಬಾರಪಾ ದ್ಯಾಮಣ್ಣ, ಶುಭಾನಾ?" ಎಂದ ಸಾಹುಕಾರ.

"ಶುಭ ರೀ" ಎಂದಿತು ನಾಲಿಗೆ.

"ಮತ್ತ್ಯಾಕ ಬಂದಿ?"

"ಏನಿಲ್ಲ ರೀ."

ಹೊರಗೆ ಬಂದು ಅಂಗಳದಲ್ಲಿ ಹತ್ತು ಹೆಜ್ಜೆ ನಡೆದ. "ಥೂ ನಿನ್ನ!" ಎಂದು ತನಗೆ ತಾನೇ ಉಗಿದುಕೊಂಡು, ಹೇಳಿಯೇ ತೀರುತ್ತೇನೆಂದು ಮತ್ತೆ ತಿರುಗಿದ. ಅಷ್ಟರಲ್ಲಿ ಗೋದಾಮಿನಲ್ಲಿ ಹಮಾಲನ ಕೊಕ್ಕೆ ಸಿಕ್ಕು ಒಂದು ಬೇಲಿನ ಬಟ್ಟೆ ಉದ್ದಕ್ಕೆ ಹರಿದಿತ್ತು. ಹೊಲಿಯಲು ಈರವ್ವನನ್ನು ಕರೆದಿದ್ದರು. ಅವಳು ಹರಿದ ಬಾಯಿಯನ್ನು ಎರಡೂ ಕೈಯಲ್ಲಿ ಹಿಡಿದು ಜೋಡಿಸುವಾಗ ಒಳಗಿನಿಂದ ಉರಿ ಎದ್ದಿತು.

ಮುಂದಿನದನ್ನು ಕೇಳು. ಆಗಲೂ ಗೋದಾಮಿನಲ್ಲಿದ್ದ ಒಬ್ಬರೂ ಆ ಮಾತನ್ನು ಕೂಗಲಿಲ್ಲ. ರೂಢಿ ಎಂದರೆ ಅಂಥದು! "ಓಡ್ರೋ, ಓಡ್ರೋ" ಎಂದಷ್ಟೇ ಕೂಗಿದರು. ಪಂಪಿನ ಹತ್ತಿರ ನಿಂತವನಿಗೆ ಯಾಕೆ ಓಡಬೇಕೆಂದು ತಿಳಿಯಲಿಲ್ಲ. ಅವನೂ ಗೇಟಿನ ಕಡೆಗೆ ಓಡಿದ. "ಬೆಂಕಿ! ಬೆಂಕಿ ಬಿದ್ದೈತಿ! ಪಂಪು ಹಚ್ಚರೋ!" ಎಂದು ಗಂಟಲು ಹರಿಯುವಂತೆ ಕೂಗಿದವನು ದ್ಯಾಮಣ್ಣ. ಮೂರು ದಿನ ತಡವಾಗಿ ಕೂಗಿದ. ಕೂಗುತ್ತಲೇ ಒಳಗೆ ನುಗ್ಗಿ ತಂಗಿಯನ್ನು ಎಳೆದು ತಂದ.

ಗೋದಾಮು ಹೋಯಿತು, ಯಂತ್ರ ಹೋಯಿತು. ಒಬ್ಬ ಹಮಾಲ ಹೊರಗೆ ಬರಲೇ ಇಲ್ಲ. ಅವನ ಹೆಂಡತಿ ಗೇಟಿನ ಮುಂದೆ ಎರಡು ದಿನ ಕೂತಿದ್ದಳು. ಗಿರಣಿ ಮುಚ್ಚಿತು. ನಲವತ್ತು ಮನೆಗಳ ಒಲೆ ತಣ್ಣಗಾಯಿತು. ಈರವ್ವ ಬದುಕಿಕೊಂಡಳು. ಆದರೆ ಅವಳ ಬೆರಳುಗಳು ಒಂದಕ್ಕೊಂದು ಅಂಟಿಕೊಂಡವು. ಇನ್ನು ಅವು ಸೂಜಿ ಹಿಡಿಯುವ ಹಾಗಿರಲಿಲ್ಲ.

ದವಾಖಾನೆಯಲ್ಲಿ ದ್ಯಾಮಣ್ಣ ಅವಳ ಮಂಚದ ಪಕ್ಕ ಕೂತು ಬಿಕ್ಕಿಬಿಕ್ಕಿ ಅತ್ತ. "ನಾ ಕಂಡಿದ್ದೆ ತಂಗಿ. ಸೋಮವಾರನ ಕಂಡಿದ್ದೆ. ಹೇಳಲಿಲ್ಲ" ಎಂದ. ಅವಳು, "ನನಗೂ ಮಂಗಳವಾರದಿಂದ ಸುಟ್ಟ ವಾಸನಿ ಬರಾಕತ್ತಿತ್ತಣ್ಣಾ. ಬೇಲು ಒತ್ತಿದಾಂವ ನೀನು. ಹೇಳಿದರ ನಿನ್ನ ಕೆಲಸ ಹೋದೀತು ಅಂತ ನಾನೂ ಬಾಯಿ ಮುಚ್ಚಿಕೊಂಡೆ" ಎಂದಳು.

ದ್ಯಾಮಣ್ಣ ಎದ್ದವನೇ ಗಿರಣಿಗೆ ಹೋದ. ಸಾಹುಕಾರ ಬಾವಿಕಟ್ಟೆಯ ಮೇಲೆ ತಲೆ ಮೇಲೆ ಕೈ ಹೊತ್ತು ಕೂತಿದ್ದ. ಸುತ್ತಲೂ ಕೆಲಸಗಾರರು ನಿಂತಿದ್ದರು. ದ್ಯಾಮಣ್ಣ ಅಣ್ಣತಂಗಿ ಇಬ್ಬರ ಸಂಗತಿಯನ್ನೂ ಮುಚ್ಚಿಡದೆ ಹೇಳಿದ. ಸಾಹುಕಾರ ಎದ್ದು ಅವನ ಅಂಗಿ ಹಿಡಿದು, "ನನಗ ಒಂದು ಮಾತು ಹೇಳಬಾರದಿತ್ತೇನೋ ಪಾಪಿ!" ಎಂದು ಕೂಗಿದ.

"ಎರಡು ಸಲ ಬಂದಿದ್ದೆ ರೀ. ಎರಡೂ ಸಲ ನೀವು ಶುಭಾನಾ ಅಂದ್ರಿ" ಎಂದ ದ್ಯಾಮಣ್ಣ.

ಸಾಹುಕಾರನ ಕೈ ಸಡಿಲಾಯಿತು. ಆಗ ಒಬ್ಬೊಬ್ಬರೇ ಬಾಯಿ ಬಿಟ್ಟರು. ಯಂತ್ರಕ್ಕೆ ಹತ್ತಿ ಹಾಕುವವನು ಕಲ್ಲಿನ ಸಪ್ಪಳ ಕೇಳಿದ್ದ. ಫಕೀರವ್ವನ ಜಾಗಕ್ಕೆ ಬಂದವಳು ಆ ಕಲ್ಲನ್ನು ಕಂಡಿದ್ದಳು, ಕೈ ಚಾಚುವಷ್ಟರಲ್ಲಿ ಅದು ಒಳಗೆ ಹೋಗಿತ್ತು. ಬೆನ್ನು ಕೊಟ್ಟು ಬೇಲು ಒಟ್ಟಿದ ಇಬ್ಬರಿಗೆ ಬೆನ್ನು ಬೆಚ್ಚಗಾಗಿತ್ತು. ಆಳುಗಳ ಮೇಲ್ವಿಚಾರಕ ಮುಕಾದಮನಿಗೆ ಬುಧವಾರವೇ ವಾಸನೆ ಬಡಿದಿತ್ತು. ಲೆಕ್ಕ ಹಾಕಿದರೆ ಏಳು ಜನರಿಗೆ ಗೊತ್ತಿತ್ತು. ಆ ಮೂರು ದಿನವೂ ಏಳು ಜನರೂ ಸಾಹುಕಾರನ ಎದುರು ಶುಭ ಎಂದಿದ್ದರು.

ಗುರುಗಳು ಅಷ್ಟಕ್ಕೆ ನಿಲ್ಲಿಸಿದರು.

ಶಿಷ್ಯ ಕೂತಲ್ಲೇ ಚಡಪಡಿಸಿದ. "ಎಂಥ ಜನ ಗುರುಗಳೇ! ಒಬ್ಬ ಬಾಯಿ ಬಿಟ್ಟಿದ್ದರೆ ಸಾಕಿತ್ತು. ಪುಣ್ಯಕ್ಕೆ ನನ್ನ ಕಾರ್ಖಾನೆಯಲ್ಲಿ ಅಂಥದೇನೂ ಇಲ್ಲ. ಈಗ ಒಂದು ವರ್ಷದಿಂದ ಒಬ್ಬನೂ ಒಂದು ದೂರು ತಂದಿಲ್ಲ" ಎಂದ.

ಗುರುಗಳು ಅವನ ಮುಖವನ್ನೇ ನೋಡುತ್ತ ಕೇಳಿದರು: "ವರ್ಷದ ಹಿಂದೆ ದೂರು ತಂದವನು ಈಗ ಎಲ್ಲಿ ಕೆಲಸ ಮಾಡುತ್ತಿದ್ದಾನೆ?"