ದ್ಯಾಮವ್ವನ ಮುಖ ಹೊತ್ತು ಹೋದ ಸೈಕಲ್ ಯಮನೂರಪ್ಪ

ಬಹಳ ಹಿಂದೆ, ಇಸವಿಯನ್ನು ಯಾರೂ ಕೇಳದಿದ್ದ ಕಾಲದಲ್ಲಿ, ಎರೆಭೂಮಿಯ ನಡುವೆ ಕೋಡಿಹಾಳ ಎಂಬ ಒಂದೂರಿತ್ತು. ಊರಿನ ಒಂದು ಪಕ್ಕಕ್ಕೆ ಹಳ್ಳ, ಇನ್ನೊಂದು ಪಕ್ಕಕ್ಕೆ ಗರಸುಮಣ್ಣಿನ ದಿಬ್ಬ. ಹಳ್ಳದ ಮೇಲ್ಗಡೆ ಸಂಗನಾಳದ ದೊಡ್ಡ ಕೆರೆ. ಆ ಊರಿನಲ್ಲಿ ಯಮನೂರಪ್ಪನೆಂಬ ಒಬ್ಬನಿದ್ದ. ಅವನ ಕಥೆಯನ್ನು ನೀವು ಬೇರೆ ಬಗೆಯಲ್ಲಿ ಕೇಳಿರಬಹುದು. ನಾನು ಹೇಳುವುದನ್ನೂ ಕೇಳಿ. ಆಮೇಲೆ ಯಾವುದನ್ನು ನಂಬಬೇಕೋ ಅದನ್ನು ನಂಬಿ.

ಯಮನೂರಪ್ಪ ಕಂಬಳಿ ನೇಯುವವರ ಮಗ. ಅವನಿಗೆ ಒಂದು ಸೈಕಲ್ ಇತ್ತು. ಅದು ಎಲ್ಲಿಂದ ಬಂತೆಂದು ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಸಮುದ್ರ ಕಾಣುವ ತನಕ ಅದರ ಮೇಲೆ ಹೋದನಂತೆ. ಹಿಮ ಕಾಣುವ ತನಕ ಹೋದನಂತೆ. ಭಾಷೆ ಬದಲಾಗುವುದನ್ನು ಕಿವಿಯಿಂದ ಕೇಳುತ್ತ, ಜೋಳದ ರೊಟ್ಟಿ ಮುಗಿದು ಗೋಧಿ ರೊಟ್ಟಿ ಸಿಗುವ ನಾಡಿಗೆ, ಅದೂ ಮುಗಿದು ಅನ್ನ ಮಾತ್ರ ಸಿಗುವ ನಾಡಿಗೆ ಹೋದನಂತೆ. ಕಾಡಿನಲ್ಲಿ ಹುಲಿಯೊಂದು ಅವನ ಸೈಕಲ್ಲಿನ ಗಂಟೆ ಕೇಳಿ ದಾರಿ ಬಿಟ್ಟಿತಂತೆ. ಆ ಸೈಕಲ್ಲಿಗೆ ಗಂಟೆಯೇ ಇರಲಿಲ್ಲ ಎಂದು ಬಲ್ಲವರು ಹೇಳುತ್ತಾರೆ. ಮಡ್‌ಗಾರ್ಡೂ ಇರಲಿಲ್ಲ. ಎರೆಮಣ್ಣು ಹಸಿಯಾದಾಗ ಗಾಲಿಗೂ ಮಡ್‌ಗಾರ್ಡಿಗೂ ನಡುವೆ ಸಿಕ್ಕಿ ಗಾಲಿಯನ್ನು ಕಚ್ಚಿ ಹಿಡಿಯುತ್ತದೆ; ಅದಕ್ಕೆ ಅವನೇ ಬಿಚ್ಚಿ ಹಾಕಿದ್ದ.

ಹೋದಲ್ಲೆಲ್ಲ ಕಂಡದ್ದನ್ನು ಅವನು ಬರೆಯುತ್ತಿದ್ದ. ಕಾಣದ್ದನ್ನು ಬರೆಯುತ್ತಿರಲಿಲ್ಲ. ಊರಿಗೆ ಮರಳಿದ ದಿನ ಊರಬಾಗಿಲಿನ, ಅಂದರೆ ಅಗಸಿಯ, ಕಟ್ಟೆಯ ಮೇಲೆ ನಿಂತು, ಬರೆದದ್ದನ್ನು ಓದಿ ಹೇಳುತ್ತಿದ್ದ. ಊರೆಲ್ಲ ಸೇರುತ್ತಿತ್ತು. ಗೌಡ ಚನ್ನವೀರಗೌಡನೂ ಬರುತ್ತಿದ್ದ. ಕೋಡಿಹಾಳದವರಿಗೆ ಕೇಳುವುದರಲ್ಲಿ ಬಹಳ ರುಚಿ ಎಂದು ಸುತ್ತಲಿನ ಊರಿನವರು ಈಗಲೂ ಹೇಳುತ್ತಾರೆ. ಆ ರುಚಿ ಎಂಥದ್ದೆಂದು ತಿಳಿಯಬೇಕಾದರೆ ಒಂದು ಸಂಗತಿ ಸಾಕು.

ಒಮ್ಮೆ ಅವನು, ದೂರದ ಒಂದು ಊರಿನಲ್ಲಿ ಸೇತುವೆ ಕುಸಿದದ್ದನ್ನು ಓದಿದ. ಎಷ್ಟು ಮಂದಿ ಸತ್ತರೆಂದು ಗೌಡ ಕೇಳಿದ. ಯಾರೂ ಸಾಯಲಿಲ್ಲ ಎಂದ ಯಮನೂರಪ್ಪ.

"ಹಂಗಾದ್ರ ಅದನ್ನ ಯಾಕ ಬರದೆಪಾ? ಇಬ್ಬರನ್ನರ ಸಾಯಿಸಬೇಕಿತ್ತು" ಎಂದ ಗೌಡ. ಕಟ್ಟೆಯೆಲ್ಲ ನಕ್ಕಿತು.

ಯಮನೂರಪ್ಪ ಯಾರನ್ನೂ ಸಾಯಿಸಲಿಲ್ಲ. ಆದರೆ ಕೇಳಿದವರು ಮನೆ ಮುಟ್ಟುವ ಹೊತ್ತಿಗೆ ಇಬ್ಬರು ಸತ್ತಿದ್ದರು. ಮುಂದಿನ ಸಂತೆಯ ಹೊತ್ತಿಗೆ ಮದುವೆಯ ದಿಬ್ಬಣವೊಂದು ಪೂರ್ತಿ ನೀರು ಪಾಲಾಗಿತ್ತು. ಅವನು ತಂದ ನಿಜವನ್ನೆಲ್ಲ ಊರು ಹೀಗೆ ಒಗ್ಗರಣೆ ಹಾಕಿ ತಿಂದಿತು. ತಿಂದು, ಯಮನೂರಪ್ಪ ಬಹಳ ಚೆನ್ನಾಗಿ ಸುಳ್ಳು ಕಟ್ಟುತ್ತಾನೆ ಎಂದು ಅವನನ್ನೇ ಹೊಗಳಿತು.

ಒಂದು ವರ್ಷ ಮಳೆ ಹಿಡಿದದ್ದು ಬಿಡಲಿಲ್ಲ. ಯಮನೂರಪ್ಪ ಉತ್ತರದ ದಾರಿಯಿಂದ ಮರಳುತ್ತ ಸಂಗನಾಳದ ಕೆರೆಯ ಏರಿಯ ಮೇಲೆ ಬಂದ. ಕೆರೆ ತುಂಬಿತ್ತು. ತುಂಬಿದರೂ ಕೋಡಿಯಲ್ಲಿ ನೀರು ಹರಿಯುತ್ತಿರಲಿಲ್ಲ. ಎರಡನೆಯ ಬೆಳೆಗೆ ನೀರು ಉಳಿಯಲೆಂದು ಕೆರೆಯ ಕೆಳಗಿನ ಜಮೀನುದಾರರು ಕೋಡಿಗೆ ಕಲ್ಲು ಮಣ್ಣು ಪೇರಿಸಿ ಎತ್ತರಿಸಿದ್ದರು. ಏರಿಯ ಬುಡದಲ್ಲಿ ಕೆರೆ ಕಾಯುವ ನೀರುಗಂಟಿ ಒಬ್ಬನೇ ಕುಳಿತಿದ್ದ. ಅವನು ಯಮನೂರಪ್ಪನನ್ನು ಕರೆದು ಏರಿಯಿಂದ ಒಸರುತ್ತಿದ್ದ ನೀರನ್ನು ತೋರಿಸಿದ. ಒಸರುವ ನೀರು ತಿಳಿಯಾಗಿದ್ದರೆ ಭಯವಿಲ್ಲ. ಅದು ಕೆಂಪಗಿತ್ತು. ಏರಿಯ ಹೊಟ್ಟೆಯೊಳಗಿನ ಮಣ್ಣು ನೀರಿನೊಡನೆ ಹೊರಡುತ್ತಿತ್ತು. ಹೇಳಬೇಕಾದವರಿಗೆ ಹೇಳಿದೆ, ಬಾಯಿ ಮುಚ್ಚೆಂದರು, ಹೆಂಡತಿ ಮಕ್ಕಳನ್ನು ಗುಡ್ಡಕ್ಕೆ ಕಳಿಸಿದ್ದೇನೆ ಎಂದನಂತೆ ನೀರುಗಂಟಿ. ಸಂಗನಾಳ ಎತ್ತರದಲ್ಲಿತ್ತು. ಹಳ್ಳದ ಗುಂಟ ಕೆಳಗಿದ್ದ ಊರು ಒಂದೇ, ಅದು ಕೋಡಿಹಾಳ.

ಅಂದು ಸಂಜೆ ಯಮನೂರಪ್ಪ ಕಟ್ಟೆಯ ಮೇಲೆ ನಿಂತು ಅದನ್ನೇ ಓದಿದ. ಬೇರೇನನ್ನೂ ಓದಲಿಲ್ಲ. ಏರಿ ಒಡೆಯುತ್ತದೆ, ಯಾವಾಗ ಎಂದು ಹೇಳಲಾರೆ, ಬಹುಶಃ ನಾಳೆ. ಊರು ಈಗಲೇ ದಿಬ್ಬ ಹತ್ತಬೇಕು. ಅಷ್ಟೇ ಇತ್ತು ಬರವಣಿಗೆಯಲ್ಲಿ.

ಜನ ಉಸಿರು ಹಿಡಿದು ಕೇಳಿದರು. ಮುಗಿದ ಮೇಲೆ ಭೇಷ್ ಎಂದರು.

"ನೀರು ಎಷ್ಟು ಎತ್ತರ ಬರ್ತೈತೋ ಯಮನೂರ?" ಎಂದು ಒಬ್ಬ ಕೇಳಿದ. "ನಮ್ಮ ಮಾಳಿಗಿ ಮುಟ್ಟತೈತೇನು?"

"ನಿನ್ನ ಸಾಲ ಮುಟ್ಟಿದಷ್ಟು ಎತ್ತರ ಮುಟ್ಟಂಗಿಲ್ಲ ಬಿಡು" ಎಂದ ಇನ್ನೊಬ್ಬ. ಮತ್ತೆ ನಗು.

ನಂಬದಿದ್ದರೆ ಯಾರಾದರೂ ಹೋಗಿ ನೋಡಿಬನ್ನಿ ಎಂದು ಯಮನೂರಪ್ಪ ಬೇಡಿಕೊಂಡ. ಈ ಮಳೆಯಲ್ಲಿ ಹೋಗಿ ಸಂಗನಾಳದವರ ಕೈಯಲ್ಲಿ ನಗಿಸಿಕೊಳ್ಳಬೇಕೇ ಎಂದ ಗೌಡ. ಓದಿದ್ದು ಮಾತ್ರ ಬಹಳ ಚಲೋ ಇತ್ತು ಎಂದೂ ಹೇಳಿದ. ಯಮನೂರಪ್ಪ ಮನೆಮನೆಗೆ ಹೋದ. ಜನ ಅವನಿಗೆ ಚುರುಮುರಿ ಕೊಟ್ಟು ಕೂರಿಸಿ, ಮುಂದೇನಾಯಿತು ಎಂದು ಕೇಳಿದರು. ಮುಂದಿನದು ಇನ್ನೂ ಆಗಿರಲಿಲ್ಲ.

ಈಗ ಹೊರಬೀಡಿನ ವಿಷಯ ಹೇಳಬೇಕು. ಆ ಊರಿನ ದೇವಿ ದ್ಯಾಮವ್ವ. ಅವಳ ಬೆಳ್ಳಿಯ ಮುಖ ಗುಡಿ ಬಿಟ್ಟು ಊರಿನ ಗಡಿಕಲ್ಲು ದಾಟಿದರೆ ಊರಿನಲ್ಲಿ ಒಂದು ಜೀವವೂ ಉಳಿಯುವಂತಿಲ್ಲ. ಒಲೆ ಆರಿಸಬೇಕು, ದನಗಳನ್ನು ಬಿಚ್ಚಬೇಕು, ಬಾಣಂತಿಯನ್ನೂ ಹಾಸಿಗೆ ಹಿಡಿದವರನ್ನೂ ಹೊತ್ತು ಹೊರಗೆ ತರಬೇಕು. ದೀಪ ಹಚ್ಚುವ ಹೊತ್ತಿನ ತನಕ ಯಾರೂ ಮರಳುವಂತಿಲ್ಲ. ಇದು ಹೊರಬೀಡು. ಕಾಯಿಲೆ ಬಿದ್ದ ವರ್ಷ ಹಿರಿಯರು ಸೇರಿ ದಿನ ಗೊತ್ತುಮಾಡಿ ದೇವಿಯನ್ನು ಹೊರಡಿಸುತ್ತಿದ್ದರು. ಮನುಷ್ಯನ ಮಾತಿಗೆ ಕದಲದ ಊರು ಈ ನಿಯಮಕ್ಕೆ ಕದಲುತ್ತಿತ್ತು.

ಬೆಳಗಾಗುತ್ತಲೇ ಯಮನೂರಪ್ಪ ಗುಡಿಗೆ ಹೋದ. ಪೂಜಾರಿ ಕಲ್ಲವ್ವ ಬತ್ತಿ ಹೊಸೆಯುತ್ತಿದ್ದಳು. ಅವನು ಬಂದ ಕೆಲಸವನ್ನು ಮುಚ್ಚಿಡದೆ ಹೇಳಿದ. ಅವಳು ಹೊಸೆದ ಬತ್ತಿಯನ್ನು ಬುಟ್ಟಿಗೆ ಹಾಕಿದಳು.

"ಸುಳ್ಳಾದ್ರ?" ಎಂದಳು.

"ಸುಳ್ಳಾದ್ರ ನನ್ನ ಕೈ ಕಡೀರಿ, ಯವ್ವಾ."

"ಖರೇ ಆದ್ರೂ ಕಡೀತಾರ" ಎಂದಳು ಕಲ್ಲವ್ವ. ಹೇಳಿ, ಬತ್ತಿಯ ಬುಟ್ಟಿಯೊಡನೆ ಗೋಡೆಯ ಕಡೆಗೆ ತಿರುಗಿ ಕುಳಿತಳು. ಅವನು ಬೆಳ್ಳಿಯ ಮುಖವನ್ನು ಕಂಬಳಿಯಲ್ಲಿ ಸುತ್ತಿ ಎದೆಗೆ ಕಟ್ಟಿಕೊಂಡು ಹೊರಬಿದ್ದ.

ಕದ್ದವನು ಓಡುತ್ತಾನೆ. ಯಮನೂರಪ್ಪ ಸೈಕಲ್ ಏರಿ ನಿಧಾನವಾಗಿ ಹೋದ. ಅಗಸಿ ದಾಟಿ, ಗಡಿಕಲ್ಲು ದಾಟಿ, ಸೈಕಲ್ ನಿಲ್ಲಿಸಿ, ಕಂಬಳಿ ಬಿಚ್ಚಿ, ಮುಖವನ್ನು ಎರಡೂ ಕೈಯಿಂದ ತಲೆಯ ಮೇಲೆ ಎತ್ತಿ ಹಿಡಿದು ಕೂಗಿದ. ತಳವಾರ ಹಾಲಪ್ಪ ಅದನ್ನು ಕಂಡ. ಅವನು ಕಳ್ಳನನ್ನು ಮೊದಲು ಕಂಡನೋ ದೇವಿಯನ್ನು ಮೊದಲು ಕಂಡನೋ ತಿಳಿಯದು. ಅವನ ಕೈ ಮಾತ್ರ ಹಲಗೆವಾದ್ಯದ ಮೇಲೆ ಬಿತ್ತು. ದ್ಯಾಮವ್ವ ಗಡಿ ದಾಟಿದಳು ಎಂದು ಡಂಗುರ ಎದ್ದಿತು. ಊರು ಬಾಗಿಲು ತೆರೆದು ಬೀದಿಗೆ ಬಂತು.

ಮುಂದೆ ನಡೆದುದನ್ನು ನಿಧಾನವಾಗಿ ಕೇಳಿ. ಗಂಡಸರು ಕೋಲು ಹಿಡಿದು ಅವನ ಬೆನ್ನು ಹತ್ತಿದರು. ಅವರ ಕೈಗೆ ಬೇಗ ಸಿಕ್ಕರೆ ದೇವಿಯನ್ನು ಕಸಿದುಕೊಂಡು ಊರಿಗೆ ಮರಳುತ್ತಾರೆ. ಎಲ್ಲರೂ ಮರಳುತ್ತಾರೆ, ನೀರು ಬರುತ್ತದೆ. ಬೇಗ ಕಣ್ಮರೆಯಾದರೆ ಹಿಂದೆ ಬರುವ ಮುದುಕರು, ಕೂಸು ಹೊತ್ತವರು ತಗ್ಗಿನಲ್ಲೇ ನಿಂತುಬಿಡುತ್ತಾರೆ. ಆಗಲೂ ನೀರು ಬರುತ್ತದೆ. ಸಿಗದಷ್ಟು ಮುಂದೆ, ಕಾಣುವಷ್ಟು ಹತ್ತಿರ ಅವನು ಇರಬೇಕಾಗಿತ್ತು. ಹಿಮದ ತನಕ ಹೋದವನಿಗೆ ಅಷ್ಟು ಕಷ್ಟದ ಸವಾರಿ ಬೇರೆ ಯಾವುದೂ ಇರಲಿಲ್ಲ.

ಗಡಿಕಲ್ಲಿಗೂ ದಿಬ್ಬಕ್ಕೂ ನಡುವೆ ಎರೆಹೊಲ. ಮಳೆ ಹೀರಿ ಹಿಟ್ಟಿನಂತಾಗಿತ್ತು. ಗಾಲಿ ತಿರುಗಲಿಲ್ಲ. ಅವನು ದೇವಿಯ ಮುಖವನ್ನು ಮತ್ತೆ ಎದೆಗೆ ಕಟ್ಟಿ, ಸೈಕಲ್ಲನ್ನು ಹೆಗಲ ಮೇಲೆ ಹಾಕಿಕೊಂಡು ಮೊಣಕಾಲು ಮಟ್ಟ ಹೂತುಹೋಗುತ್ತ ನಡೆದ. ಬೆನ್ನ ಹಿಂದೆ ಬಂದವರೂ ಹೂತುಹೋದರು. ಒಬ್ಬ ಅವನ ಹತ್ತಿರಕ್ಕೆ ಬಂದು ಹಿಂದಿನ ಗಾಲಿಯನ್ನು ಹಿಡಿದೇಬಿಟ್ಟನಂತೆ. ಗಾಲಿಗೆ ಮೆತ್ತಿದ್ದ ಕೆಸರು ಕೈಯಲ್ಲಿ ಉಳಿಯಿತು, ಗಾಲಿ ಜಾರಿತು. ಯಮನೂರಪ್ಪ ಹಿಂತಿರುಗಿ ನೋಡಿದ. ಹೊಲದ ಆಚೆ ಅಂಚಿನಲ್ಲಿ ಒಂದು ಮಂಚ ಬರುತ್ತಿತ್ತು. ಹಾಸಿಗೆ ಹಿಡಿದವರನ್ನು ನಾಲ್ಕು ಜನ ಹೆಂಗಸರು ಹೊತ್ತಿದ್ದರು. ಕೋಲು ಹಿಡಿದ ಕೈಗಳು ಇಷ್ಟು ಹತ್ತಿರ, ಮಂಚ ಅಷ್ಟು ದೂರ. ಅವನು ನಿಂತ. ಮಂಚ ಹೊಲಕ್ಕೆ ಇಳಿಯುವ ತನಕ ನಿಂತೇ ಇದ್ದ ಎಂದು ಹೇಳುತ್ತಾರೆ. ಮೊದಲ ಏಟು ಅವನ ಭುಜಕ್ಕೆ ಬಿದ್ದದ್ದು ಅಲ್ಲಿ. ಆಮೇಲೆ ಅವನು ಮತ್ತೆ ನಡೆದ.

ಗರಸುಮಣ್ಣು ಸಿಕ್ಕಿದೊಡನೆ ಸೈಕಲ್ ಏರಿದ. ದಿಬ್ಬದ ನೆತ್ತಿಯ ತನಕ ಅವರನ್ನು ಎಳೆದುಕೊಂಡು ಹೋದ. ನೆತ್ತಿಯ ಮೇಲೆ ಒಂದು ಚೂಪುಗಲ್ಲಿಗೆ ಹಿಂದಿನ ಟೈರು ಸಿಕ್ಕಿ ಗಾಳಿ ಹೋಯಿತು. ಅವನು ಇಳಿದು, ಬೆಳ್ಳಿಯ ಮುಖವನ್ನು ಹುಲ್ಲಿನ ಮೇಲಿಟ್ಟು, ಪಕ್ಕಕ್ಕೆ ಸರಿದು ನಿಂತ.

ಅವನನ್ನು ಹೊಡೆದರು. ಬರೆಯುವ ಕೈಯನ್ನು ಒಂದು ಕಲ್ಲಿನ ಮೇಲಿಟ್ಟು ಇನ್ನೊಂದು ಕಲ್ಲಿನಿಂದ ಜಜ್ಜಿದರು. ಹುಲಿ ಯಾವ ಕಾಡಿನದೆಂದು ಬಲ್ಲ ಊರಿಗೆ ಆ ಕಲ್ಲು ಯಾರ ಕೈಯಲ್ಲಿತ್ತೆಂಬುದು ಗೊತ್ತಿಲ್ಲ.

ಅಷ್ಟರಲ್ಲಿ ಊರೆಲ್ಲ ದಿಬ್ಬ ಹತ್ತಿತ್ತು. ಮಂಚವೂ ಬಂದಿತ್ತು. ಮಳೆ ನಿಂತಿತ್ತು. ಕೆಳಗೆ ಊರು ಮನೆಗಳ ಬಾಗಿಲು ತೆರೆದುಕೊಂಡು ಸುಮ್ಮನೆ ಬಿದ್ದಿತ್ತು. ಏನೂ ಆಗಿರಲಿಲ್ಲ. ಗೌಡ ಬೆಳ್ಳಿಯ ಮುಖವನ್ನು ಕೈಗೆತ್ತಿಕೊಂಡು, ನಡೆಯಿರಿ, ಮನೆಗೆ ಹೋಗೋಣ ಎಂದ. ಕಲ್ಲವ್ವ ಎದುರಿಗೆ ಬಂದು ನಿಂತಳು.

"ದೀಪ ಹಚ್ಚೂತನಕ ಆಕಿ ಒಳಗ ಬರಂಗಿಲ್ಲ, ಗೌಡ್ರ."

"ಕಳ್ಳ ಹೊತ್ತು ತಂದದ್ದು ಯಾವ ಸೀಮಿ ಹೊರಬೀಡಬೇ?"

"ಯಾರು ಹೊತ್ರು ಅಂತ ಕೇಳೂ ಪದ್ಧತಿ ಇಲ್ಲ. ಗಡಿ ದಾಟಿದ್ಲು, ಮುಗೀತು. ನೀವು ಹೋಗ್ರಿ. ಮಂದಿನ್ನ ಕರೀಬ್ಯಾಡ್ರಿ."

ಜನ ಗೌಡನ ಮುಖ ನೋಡಿದರು, ಕಲ್ಲವ್ವನ ಮುಖ ನೋಡಿದರು. ಹೆಂಗಸರು ಕುಳಿತರು. ಹೆಂಗಸರು ಕುಳಿತ ಮೇಲೆ ಗಂಡಸರಿಗೆ ಹೋಗಲಾಗಲಿಲ್ಲ. ಗೌಡ ತನ್ನ ಕಡೆಯ ಕೆಲವರನ್ನು ಕರೆದುಕೊಂಡು, ದೇವಿಯನ್ನು ಹಿಡಿದುಕೊಂಡು ಇಳಿದೇ ಇಳಿದ. ಯಮನೂರಪ್ಪ ಕೈಯನ್ನು ಕಂಬಳಿಯಲ್ಲಿ ಸುತ್ತಿಕೊಂಡು ಸಂಗನಾಳದ ದಿಕ್ಕನ್ನೇ ನೋಡುತ್ತಿದ್ದ. ನೀರು ಬರಲಿ ಎಂದುಕೊಂಡನೋ, ಬಾರದಿರಲಿ ಎಂದುಕೊಂಡನೋ, ಅದನ್ನು ಅವನು ಎಲ್ಲಿಯೂ ಬರೆಯಲಿಲ್ಲ.

ಇಳಿದವರು ಎರೆಹೊಲದ ನಡುವೆ ಇದ್ದಾಗ ಸದ್ದು ಕೇಳಿತು. ಬಂಡೆಗಳನ್ನು ತುಂಬಿದ ಗಾಡಿಗಳು ಸಾಲಾಗಿ ಬರುವಂಥ ಸದ್ದು. ಆಮೇಲೆ ಹಳ್ಳದ ತಿರುವಿನಲ್ಲಿ ಕೆಂಪು ನೀರು ಎದ್ದು ಬಂತು. ಅಗಸಿ ಹೋಯಿತು. ಕಟ್ಟೆ ಹೋಯಿತು. ಮಾಳಿಗೆ ಮುಟ್ಟುತ್ತದೆಯೇ ಎಂದು ಕೇಳಿದವನ ಮಾಳಿಗೆ ಮುಳುಗಿತು. ಗೌಡನ ಜೊತೆಗಿದ್ದವರು ಕೆಸರಿನಲ್ಲಿ ಕೈಕಾಲೂರಿ ದಿಬ್ಬಕ್ಕೆ ಮರಳಿ ಹತ್ತಿದರು. ಹತ್ತಲು ಎರಡೂ ಕೈ ಬೇಕಾಗಿದ್ದವು; ಗೌಡ ದೇವಿಯನ್ನು ಕೆಸರಿಗೆ ಎಸೆದ. ಅವಳನ್ನು ಮುಟ್ಟಿದ ತಪ್ಪಿಗೆ ಒಬ್ಬನ ಕೈ ಮುರಿದದ್ದು ಆ ದಿನವೇ, ಗೌಡನ ಕಣ್ಣೆದುರಿಗೇ. ಗೌಡನಿಗೆ ಯಾರೂ ಏನೂ ಹೇಳಲಿಲ್ಲ.

ಒಂದು ಕೂಸೂ ಸಾಯಲಿಲ್ಲ. ಊರೆಲ್ಲ ದಿಬ್ಬದ ಅಂಚಿನಲ್ಲಿ ನಿಂತು ತನ್ನ ಮನೆಗಳನ್ನು ನೋಡಿತು. ನೋಡಿ ಮುಗಿದ ಮೇಲೆ ಹಿಂತಿರುಗಿದರೆ ಯಮನೂರಪ್ಪ ಇರಲಿಲ್ಲ. ಹಸಿ ಗರಸಿನ ಮೇಲೆ ಒಂದು ಗಾಲಿಯ ಗುರುತು, ಅದರ ಪಕ್ಕದಲ್ಲಿ ಹೆಜ್ಜೆ. ಗಾಳಿಯಿಲ್ಲದ ಸೈಕಲ್ಲನ್ನು ಒಂದೇ ಕೈಯಿಂದ ತಳ್ಳಿಕೊಂಡು ಉತ್ತರಕ್ಕೆ ಹೋಗಿದ್ದ. ಅವನನ್ನು ಕರೆಯಲು ಯಾರೂ ಓಡಲಿಲ್ಲ. ಕೋಲು ಹಿಡಿದು ಅಷ್ಟು ದೂರ ಓಡಿದ್ದ ಕಾಲುಗಳಿಗೆ ಆಗ ದಣಿವಾಗಿತ್ತಂತೆ.

ಆಮೇಲೆ ಅವನನ್ನು ಸಮುದ್ರದ ದಂಡೆಯಲ್ಲಿ ಕಂಡೆವೆಂದು ಕೆಲವರು ಹೇಳುತ್ತಾರೆ. ಎಡಗೈಯಲ್ಲಿ ಬರೆಯುವುದನ್ನು ಕಲಿತನೆಂದು ಹೇಳುತ್ತಾರೆ. ದ್ಯಾಮವ್ವನೇ ಮನಸ್ಸು ಮಾಡಿ ಸೈಕಲ್ ಏರಿದಳು, ಯಮನೂರಪ್ಪ ಬರೀ ನೆಪ ಎಂದು ಊರಿನ ಹಿರಿಯರು ಹೇಳುತ್ತಾರೆ. ದೇವಿ ಏರಿರಬಹುದು. ಪೆಡಲ್ ತುಳಿದವನು ಯಮನೂರಪ್ಪ.

ಕೋಡಿಹಾಳ ಈಗ ದಿಬ್ಬದ ಮೇಲಿದೆ. ಅಲ್ಲಿ ಅವನ ಹೆಸರಿನ ಕಲ್ಲಿಲ್ಲ, ಕಟ್ಟೆಯಿಲ್ಲ. ಆದರೆ ದೂರದಿಂದ ಸೈಕಲ್ ಮೇಲೆ ಯಾರಾದರೂ ಬಂದರೆ ಅವರನ್ನು ನೆರಳಿಗೆ ಕರೆದು, ನೀರು ಕೊಟ್ಟು, "ದಾರ್ಯಾಗ ಏನ ಕಂಡ್ರಿ?" ಎಂದು ಕೇಳುತ್ತಾರೆ. ಕೇಳಿದವರು ಎದ್ದು ನಿಲ್ಲುತ್ತಾರೆ. ಹರಟೆಗೆ ಕುಳಿತವರು ಏಳುತ್ತಾರೆ, ಮುದುಕರನ್ನು ರಟ್ಟೆ ಹಿಡಿದು ಎಬ್ಬಿಸುತ್ತಾರೆ, ತಾಯಂದಿರು ಕೂಸನ್ನು ಕಂಕುಳಿಗೆ ಎತ್ತಿಕೊಳ್ಳುತ್ತಾರೆ. ಪರವೂರಿನವರು ಅದನ್ನು ಮರ್ಯಾದೆ ಎಂದು ತಿಳಿದು ಸಂಕೋಚಪಡುತ್ತಾರೆ. ಅವರು ಹೇಳಿ ಮುಗಿಸುವ ತನಕ ಅಲ್ಲಿ ಯಾರೂ ಕೂರುವುದಿಲ್ಲ. ಮುಗಿದ ಮೇಲೆ ಆ ನಿಂತವರಲ್ಲಿ ಒಬ್ಬರು, ಪರವೂರಿನವರು ಬಂದ ದಾರಿಯನ್ನೇ ಹಿಡಿದು, ಹೇಳಿದ್ದನ್ನು ನೋಡಿಕೊಂಡು ಬರಲು ಹೊರಡುತ್ತಾರೆ.