ಜರಡಿ ಹಿಡಿದ ದುಃಖ

ಹೊಳೆಯ ದಡದ ಆ ಆಶ್ರಮದಲ್ಲಿ ಕಲಿಸುತ್ತಿದ್ದುದು ಒಂದೇ ವಿದ್ಯೆ. ಮನಸ್ಸಿನ ಭಾರ ತಾಳಲಾರದವರು ಬಂದು, ಕಲ್ಲಿನ ಬಾನಿಯ ನೀರಿನಲ್ಲಿ ಕೈ ಅದ್ದಿ ಕೂರುತ್ತಿದ್ದರು. ಸ್ವಲ್ಪ ಹೊತ್ತಿಗೆ ಒಳಗಿನದು ನೀರಿಗೆ ಇಳಿಯುತ್ತಿತ್ತು. ದುಃಖ ಜೇಡಿಮಣ್ಣಾಗಿ ತಳ ಸೇರುತ್ತಿತ್ತು. ಸಿಟ್ಟು ಕೆಂಪು ಹರಳಾಗುತ್ತಿತ್ತು. ಸಂತೋಷ ಮೇಣವಾಗಿ ತೇಲುತ್ತಿತ್ತು. ಅದನ್ನು ಇಳಿಸಿಕೊಳ್ಳಲು ಯಾರೂ ಬರುತ್ತಿರಲಿಲ್ಲ.

ಇಳಿದದ್ದನ್ನು ಮೊದಲು ಅವರ ಮಡಿಲಿಗೇ ಇಡಬೇಕು. ಇಟ್ಟುಕೊಳ್ಳುವುದೋ ಬಿಡುವುದೋ ಅವರೇ ಹೇಳಬೇಕು. ಅದು ಅಲ್ಲಿಯ ಕಟ್ಟಳೆ.

ಗುರು ಕೆಂಚಯ್ಯ ಹತ್ತು ದಿನ ಆಶ್ರಮದಲ್ಲಿರಲಿಲ್ಲ. ಮರಳಿದಾಗ ಶಿಷ್ಯ ಮಾಲಿಂಗ ಬಾಗಿಲಲ್ಲೇ ನಿಂತಿದ್ದ.

“ಗುರುಗಳೇ, ನಾನೊಬ್ಬನೇ ಒಂದು ಕೆಲಸ ಮಾಡಿ ಮುಗಿಸಿದೆ.”

“ಯಾರದು?”

“ಹಾಲವ್ವನದು. ದೋಣಿ ಒಡೆದು ಮಗಳು ಚಂಪಿ ಮುಳುಗಿದಳಲ್ಲ, ಆ ತಾಯಿ. ದೋಣಿಯ ದಣಿಗಳೇ ಕಳಿಸಿದ್ದರು. ಅವಳು ದಿನಾ ಅವರ ಬಾಗಿಲಿಗೆ ಹೋಗಿ ನಿಲ್ಲುತ್ತಿದ್ದಳಂತೆ.”

“ನಿಂತು ಏನು ಮಾಡುತ್ತಿದ್ದಳು?”

“ಒಂದೇ ಪ್ರಶ್ನೆ. ‘ಹಲಗೆ ಕೊಳೆತಿದೆ ಅಂತ ಅಂಬಿಗ ಮೂರು ಸಲ ಹೇಳಿದ್ದನಲ್ಲ, ಯಾಕೆ ಬದಲಿಸಲಿಲ್ಲ?’ ಅಂತ.”

“ಅದಕ್ಕೆ ದಣಿ?”

“ಪಾಪ, ಅವಳ ದುಃಖ ಇಳಿಸಿಕೊಡಿ ಅಂದರು. ಆ ಮಣ್ಣಿನಲ್ಲಿ ಚಂಪಿಯ ಹೆಸರಿನ ದೊಡ್ಡ ದೀಪ ಮಾಡಿಕೊಟ್ಟರೆ ಹೊಳೆ ದಾಟುವ ಜಾಗದಲ್ಲಿ ಇಡಿಸುತ್ತಾರಂತೆ.”

ಮಾಲಿಂಗ ಒದ್ದೆ ಬಟ್ಟೆ ಸರಿಸಿ ಮಣ್ಣಿನ ಮುದ್ದೆ ತೋರಿಸಿದ. ಅದು ಬೆಣ್ಣೆಯ ಹಾಗಿತ್ತು.

ಗುರು ಬೆರಳಿನಿಂದ ಮುಟ್ಟಿ ನೋಡಿದರು.

“ಜರಡಿ ಹಿಡಿದೆಯಾ?”

“ಹಿಡಿದೆ. ತುಂಬ ಹರಳಿತ್ತು. ಕೈಗೆ ಚುಚ್ಚುತ್ತಿತ್ತು.”

“ಅದೆಲ್ಲಿ?”

“ಮೆಟ್ಟಿಲ ಹತ್ತಿರ ಹೊಳೆಗೆ ಹಾಕಿದೆ.”

“ಅವಳ ಮಡಿಲಿಗೆ ಇಟ್ಟು ಕೇಳಿದೆಯಾ?”

“ಅಷ್ಟು ಅಳುತ್ತಿದ್ದವಳನ್ನು ಏನು ಕೇಳಲಿ, ಗುರುಗಳೇ? ದಣಿಯ ಆಳು ಬೇರೆ ಪಕ್ಕದಲ್ಲೇ ಕೂತಿದ್ದ.” ಮಾಲಿಂಗ ಎರಡು ಚೂರು ತಂದು ಮುಂದಿಟ್ಟ. “ಆದರೆ ಒಂದು ತೊಂದರೆ. ನೋಡೋಣ ಅಂತ ಒಂದು ಸಣ್ಣ ಹಣತೆ ಸುಟ್ಟೆ. ಸೀಳಿಹೋಯಿತು.”

“ಕುಂಬಾರ ಮಣ್ಣಿಗೆ ಮರಳು ಯಾಕೆ ಬೆರೆಸುತ್ತಾನೆ?”

“ಬೆಂಕಿಯಲ್ಲಿ ಸೀಳಬಾರದು ಅಂತ.”

“ಗೊತ್ತಿತ್ತು, ಹಾಗಾದರೆ.”

ಗುರು ಸೀಳಿದ ಹಣತೆಯ ಎರಡು ಚೂರುಗಳನ್ನು ಅವನ ಅಂಗೈಯಲ್ಲಿಟ್ಟರು.

“ದುಃಖದ ಮಣ್ಣಿನ ಜೊತೆ ನೆನಪೂ ಇಳಿದಿರುತ್ತದೆ. ಇದರೊಳಗೆ ಆ ಮಗುವಿನ ಯಾವ ದಿನ ಇತ್ತು?”

“ತಿಳಿಯದು, ಗುರುಗಳೇ.”

“ಅವಳಿಗೂ ಇನ್ನು ತಿಳಿಯುವುದಿಲ್ಲ. ಸುಟ್ಟದ್ದು ಮತ್ತೆ ಮಣ್ಣಾಗುವುದಿಲ್ಲ. ನಡೆ.”

ಹಾಲವ್ವ ಜಗಲಿಯಲ್ಲಿ ಕೂತು ಕಿರಿಯ ಮಗಳಿಗೆ ಜಡೆ ಹಾಕುತ್ತಿದ್ದಳು. ಇವರನ್ನು ಕಂಡು ನಕ್ಕಳು.

“ಬನ್ನಿ ಅಯ್ಯಾ, ಕೂತ್ಕೊಳ್ಳಿ. ಮಜ್ಜಿಗೆ ಕೊಡ್ಲಾ? ನಿಮ್ಮ ಶಿಷ್ಯ ಪುಣ್ಯಾತ್ಮ. ಈಗ ನಿದ್ದೆ ಬರ್ತದೆ.”

“ದಣಿಯ ಬಾಗಿಲಿಗೆ ಹೋಗಲಿಲ್ಲವೇ, ಹಾಲವ್ವಾ?”

“ಯಾಕೆ ಹೋಗ್ಲಿ? ಅವರೇನು ಮಾಡ್ತಾರೆ ಪಾಪ. ಹಳೇ ದೋಣಿ. ದೀಪ ಬೇರೆ ಇಡಿಸ್ತಾರಂತೆ.” ಅವಳು ಮಗುವಿನ ಕೈಗೆ ಸ್ಲೇಟು ಕೊಟ್ಟಳು. “ಹೊರಡು ದುಗ್ಗಿ. ದೋಣಿ ಬಿಡೋ ಹೊತ್ತಾಯ್ತು.”

ಮಾಲಿಂಗ ಎದ್ದು ನಿಂತ.

“ಯಾವ ದೋಣಿ?”

“ಇರೋದೇ ಒಂದಲ್ಲ? ಅದೇ. ಎತ್ತಿ ತಂದು ಡಾಂಬರು ಬಳಿದವ್ರೆ.”

“ಅದೇ ಹಲಗೆಯಾ?”

“ಅದೇ ಇರ್ಬೇಕು,” ಎಂದಳು ಹಾಲವ್ವ. ಅವಳ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ.

ಗುರು ದುಗ್ಗಿಯ ಕೈ ಹಿಡಿದರು. “ಇವತ್ತು ಇವಳಿಗೆ ನಾನು ಪಾಠ ಹೇಳುತ್ತೇನೆ.”

ದಾರಿಯಲ್ಲಿ ಮಾಲಿಂಗನ ಕಣ್ಣು ಕೆಂಪಾಗಿತ್ತು. “ಗುರುಗಳೇ, ಡಾಂಬರು ಬಳಿದಿದ್ದಾನೆ! ಒಂದು ಮಗು ಸತ್ತ ಮೇಲೂ! ನನ್ನ ಕೈಯನ್ನೇ ಬಾನಿಗೆ ಅದ್ದುತ್ತೇನೆ. ನನ್ನ ಹರಳು ಬೆರೆಸಿ ಕೊಡೋಣ.”

“ಅದು ನಿನ್ನದು. ನೀನೇ ಇಟ್ಟುಕೋ, ಮುಂದೆ ಬೇಕಾಗುತ್ತದೆ. ಈಗ ಆ ಜರಡಿ ತೆಗೆದುಕೊಂಡು ಹೊಳೆಗೆ ಇಳಿ.”

“ಅಷ್ಟು ಮರಳಿನಲ್ಲಿ ಅವಳದು ಯಾವುದು ಅಂತ ಹೇಗೆ ಗುರುತಿಸಲಿ?”

“ಚುಚ್ಚುತ್ತದೆ ಅಂದೆಯಲ್ಲ.”

ಮಾಲಿಂಗ ಸೊಂಟದ ತನಕ ನೀರಿನಲ್ಲಿ ನಿಂತು ಸಂಜೆಯವರೆಗೆ ಜಾಲಿಸಿದ. ದಡದಲ್ಲಿ ದುಗ್ಗಿ ಮಗ್ಗಿ ಹೇಳುತ್ತಿದ್ದಳು. ಅವನು ಮೇಲೆ ಬಂದಾಗ ಹತ್ತು ಬೆರಳಲ್ಲೂ ರಕ್ತವಿತ್ತು, ಬೊಗಸೆಯಲ್ಲಿ ಹರಳಿತ್ತು.

ಹರಳನ್ನೂ ಮಣ್ಣನ್ನೂ ಬುಟ್ಟಿಯಲ್ಲಿಟ್ಟುಕೊಂಡು, ಮಗುವನ್ನು ಕರೆದುಕೊಂಡು ಹೋದರು. ಗುರು ಬುಟ್ಟಿಯನ್ನು ಹಾಲವ್ವನ ಮಡಿಲಿಗೆ ಇಟ್ಟರು.

“ಇದು ನಿನ್ನದು, ತಾಯಿ. ನಿನ್ನ ಕೈಯಿಂದ ನಾದಿದರೆ ನಿನ್ನೊಳಗೆ ಸೇರುತ್ತದೆ. ನೋಯುತ್ತದೆ. ಬೇಡವಾದರೆ ಬೇಡ ಅನ್ನು, ಹೊತ್ತುಕೊಂಡು ಹೋಗುತ್ತೇವೆ.”

“ಏನೈತೆ ಇದ್ರಲ್ಲಿ?”

“ಚಂಪಿ ಇದ್ದಾಳೆ.”

“ಹಾಗಾದ್ರೆ ಇಟ್ಕೋತೀನಿ,” ಎಂದಳು.

ನಾದತೊಡಗಿದಳು. ಮಣ್ಣು ಕಡಿಮೆಯಾಗುತ್ತ ಹೋಯಿತು. ಅರ್ಧಕ್ಕೆ ಬಂದಾಗ ಅವಳ ಬಾಯಿಂದ ಒಂದು ಕೂಗು ಹೊರಟಿತು. ಮಾಲಿಂಗ ಕಿವಿ ಮುಚ್ಚಿಕೊಂಡ. ಗುರು ಅವನ ಕೈಗಳನ್ನು ಕೆಳಗಿಳಿಸಿದರು. ಬುಟ್ಟಿ ಬರಿದಾದಾಗ ಹಾಲವ್ವ ದುಗ್ಗಿಯನ್ನು ಎಳೆದು ಅಪ್ಪಿಕೊಂಡಳು.

“ಕಳಿಸ್ತಿದ್ನಲ್ಲಯ್ಯಾ,” ಎಂದಳು. “ಇವಳನ್ನೂ ಅದೇ ದೋಣಿಗೆ ಕಳಿಸ್ತಿದ್ನಲ್ಲ.”

ಮಾಲಿಂಗ ಸೀಳಿದ ಹಣತೆಯ ಚೂರುಗಳನ್ನು ಅವಳ ಮುಂದಿಟ್ಟು ತಲೆ ತಗ್ಗಿಸಿದ. ಅವಳು ಅವನ್ನು ಸೆರಗಿನ ತುದಿಯಲ್ಲಿ ಕಟ್ಟಿಕೊಂಡಳು.

ಮರುದಿನ ಬೆಳಿಗ್ಗೆ ದಣಿಯ ಆಳು ಏದುಸಿರು ಬಿಡುತ್ತ ಆಶ್ರಮಕ್ಕೆ ಬಂದ.

“ಏನ್ ಸ್ವಾಮಿ ಇದು? ಆಯಮ್ಮ ಮತ್ತೆ ಬಾಗಿಲಿಗೆ ಬಂದು ನಿಂತವ್ಳೆ! ಇವತ್ತು ಹಿಂದೆ ಇನ್ನೂ ಆರು ಜನ ತಾಯಂದಿರು. ದಣಿಗಳಿಗೆ ತಿಂಡಿ ಗಂಟಲಲ್ಲಿ ಇಳೀತಿಲ್ಲ.”

“ಮಾಲಿಂಗ ಅಲ್ಲಿದ್ದಾನೆಯೇ?”

“ಅವನೂ ನಿಂತವ್ನೆ. ಅವರನ್ನ ಸುಮ್ಮನಾಗಿಸೋಕೆ ನಿಮ್ಮ ಹತ್ರ ಬೇರೆ ವಿದ್ಯೆ ಏನೂ ಇಲ್ವಾ?”

“ಇದೆ,” ಎಂದರು ಗುರು.

“ಯಾವುದು?”

“ಹಲಗೆ ಬದಲಿಸುವುದು.”